ಒಂದು ಸಲ ಹೆಚ್ಚಿಗೆ

ಕಿಟಕಿಯ ಬಿಸಿಲು ಕಂಪ್ಯೂಟರಿನ ಪರದೆಗೆ ಬಿದ್ದು ಮೇಷ್ಟ್ರ ಅರ್ಧ ಮುಖ ಅಳಿಸಿಹೋಗಿತ್ತು, ಅವಳು ಎದ್ದು ಕಿಟಕಿ ಮುಚ್ಚಲಿಲ್ಲ, ಮುಚ್ಚಿದರೂ ಕಾಣುವುದು ಅಷ್ಟೇ — ಮೇಷ್ಟ್ರು ಕ್ಲಾರಿನೆಟ್ಟನ್ನು ತುಟಿಗೆ ತರುತ್ತಾರೆ, ಉಸಿರೆಳೆದು ಕೆನ್ನೆ ಉಬ್ಬಿಸುತ್ತಾರೆ, ಅಲ್ಲಿಗೆ ಮುಗಿಯಿತು. ಮುಂದಿನ ತುಣುಕಿನಲ್ಲಿ ಅವಳದೇ ಚಪ್ಪಲಿ, ಮೆಟ್ಟಿಲು, ಬೀದಿಯ ಧೂಳು, ಇಪ್ಪತ್ತೆರಡು ನಿಮಿಷ. ಹನ್ನೊಂದು ವರ್ಷ ಊರಿನ ವಾದ್ಯಗಾರರ ಹಿಂದೆ ಕ್ಯಾಮೆರಾ ಹೊತ್ತು ಅಲೆದವಳು, ಯಾರ ಹಂಗೂ ಇಲ್ಲದೆ ಸ್ವಂತ ಸಿನಿಮಾ ಮಾಡುತ್ತೇನೆಂದು ಬೀಗಿದವಳು, ಬಾಗಿಲಲ್ಲೇ ರೆಕಾರ್ಡಿಂಗ್ ಗುಂಡಿ ಒತ್ತಿದ್ದನ್ನು ಮರೆತು, ಮೇಷ್ಟ್ರು ಉಸಿರೆಳೆದಾಗ ಇನ್ನೊಂದು ಸಲ ಒತ್ತಿದ್ದಳು, ಆಮೇಲೆ ಎಲ್ಲ ತಿರುವುಮುರುವು, ನುಡಿಸುವಾಗ ನಿಂತಿದೆ, ಮುಗಿದ ಮೇಲೆ ಓಡಿದೆ. ಕ್ಯಾಮೆರಾದ ಕೆಂಪು ದೀಪ ಕಂಡಿದ್ದರೆ ಗೊತ್ತಾಗುತ್ತಿತ್ತು, ಆದರೆ ಅದು ನಮ್ ಹೆಡ್ಮಾಸ್ಟ್ರ ಥರ ದುರುಗುಟ್ತದೆ ತಂಗಿ, ಮುಚ್ಚು ಅದನ್ನ, ಎಂದರಲ್ಲ ಮೇಷ್ಟ್ರು, ಅವಳೇ ನಗುತ್ತ ಕಪ್ಪು ಪಟ್ಟಿ ಅಂಟಿಸಿದಳು. ಹೆಂಡತಿ ಹೋದ ಮೇಲೆ ಕಟ್ಟಿದ ಮಟ್ಟು, ಮಗಳಿಗೂ ಕೇಳಿಸದ್ದು, ಒಂದೇ ಸಲ, ಕ್ಯಾಮೆರಾಕ್ಕೆ ಮಾತ್ರ ಎಂದು ಒಪ್ಪಿದ್ದರು. ಚಪ್ಪಲಿಯ ಚಿತ್ರದ ಮೇಲೆ ಅವರ ಧ್ವನಿ ಸ್ವಚ್ಛವಾಗಿ ಬಂದಿದೆ, ಸರಿಯಾಗಿ ಬಂತಾ? ಇನ್ನೊಂದ್ಸಲ ನುಡಿಸ್ಲಾ? ಬೇಡ ಮೇಷ್ಟ್ರೇ, ಚೆನ್ನಾಗಿ ಬಂತು, ಮಗೂನ ಸ್ಕೂಲಿಂದ ಕರ್ಕೊಂಡ್ಬರ್ಬೇಕು — ಇದು ಅವಳ ಧ್ವನಿ, ಎಷ್ಟು ಹಗುರವಾಗಿದೆ. ಆಮೇಲೆ ಮಗುವಿಗೆ ಜ್ವರ, ಹೊಟ್ಟೆಪಾಡಿನ ಮದುವೆ ವಿಡಿಯೋಗಳು, ಕ್ಯಾಮೆರಾದ ಕಾರ್ಡು ಐದು ತಿಂಗಳು ಡ್ರಾಯರಿನಲ್ಲೇ ಉಳಿಯಿತು, ಹೋದ ವಾರ ಮೇಷ್ಟ್ರು ತೀರಿಕೊಂಡರು, ಅಳು ಬರಬೇಕಿತ್ತು, ಬಂದದ್ದು ಆಕಳಿಕೆ.

ಮೇಷ್ಟ್ರ ಮಗಳು ಈಗ ಪಕ್ಕದ ಕುರ್ಚಿಯಲ್ಲಿದ್ದಾಳೆ, ಆಸ್ಪತ್ರೆಯ ಪಾಳಿ ಮುಗಿಸಿ ನರ್ಸಿನ ಉಡುಪಿನಲ್ಲೇ ಬಂದವಳು, ಮಡಿಲಲ್ಲಿ ಊಟದ ಡಬ್ಬಿ. ಪರದೆಯ ಮೇಲೆ ಕೆನ್ನೆ ಉಬ್ಬಿತು, ನಿಂತಿತು. ಮುಂದಕ್ಕೆ ಹಾಕಿ ಅಕ್ಕ. ಮುಂದೆ ಇಲ್ಲ, ನಾನು ಗುಂಡಿ ತಪ್ಪು ಒತ್ತಿದೆ, ಎಂದಳು ಇವಳು, ಬಸ್ಸು ಹೊರಟುಹೋಯಿತು ಎನ್ನುವ ಹಾಗೆ. ಬೈಯಲಿ ಎಂದು ಕಾದಳು. ಆ ಹುಡುಗಿ ಬೈಯಲಿಲ್ಲ, ಡಬ್ಬಿಯ ಮುಚ್ಚಳ ತಿರುಗಿಸಿ ತಿರುಗಿಸಿ ಬಿಗಿಮಾಡಿದಳು, ಆಮೇಲೆ ಮೆಲ್ಲಗೆ, ನೀವಂತೂ ಕೇಳಿದ್ರಲ್ಲ ಅಕ್ಕ, ಸ್ವಲ್ಪ ಗುನುಗಿ, ಹೆಂಗಿತ್ತು ಅಂತ. ಕೇಳಿದ್ದೆ, ಹೌದು, ಎದುರಿಗೇ ಕೂತಿದ್ದೆ, ಮೇಲಕ್ಕೆ ಏರಿತ್ತೋ ಕೆಳಕ್ಕೆ ಇಳಿದಿತ್ತೋ — ಅವಳು ಬಾಯಿ ತೆರೆದಳು, ನೆನಪನ್ನು ತಡಕಿದಳು, ಸಿಕ್ಕಿದ್ದು ಮೇಷ್ಟ್ರ ಮನೆ ಗೋಡೆಯ ಗಡಿಯಾರ, ಮೂರೂ ಇಪ್ಪತ್ತು, ಸ್ಕೂಲಿನ ಗೇಟು, ತಡವಾದರೆ ಆಯಾ ಮುಖ ಸಿಂಡರಿಸುತ್ತಾಳೆ ಎಂಬ ಲೆಕ್ಕ, ಇನ್ನೂ ಹಿಂದೆ, ಇನ್ನೂ ಹಿಂದೆ ಹೋದರೆ ತುಟಿಗೆ ಬರುವ ಕ್ಲಾರಿನೆಟ್ಟು, ಉಸಿರು, ಕೆನ್ನೆ, ಉಬ್ಬಿದ ಕೆನ್ನೆ, ಉಬ್ಬಿಯೇ ಇರುವ ಕೆನ್ನೆ —