ರಜೆ ಕುದುರೆಯ ಬೆನ್ನು

ಜೀನು ಎತ್ತಿದೊಡನೆ ಎದ್ದ ನಾತಕ್ಕೆ ಸವಾರ ಓನುಫ್ರಿ ಮುಖ ಹಿಂಡಿಕೊಂಡ. ಅವನ ಕುದುರೆ ಜೊಜೂಲಾಳ ಬೆನ್ನಿನ ಮೇಲೆ ಅಂಗೈಯಗಲದ ಎರಡು ಹುಣ್ಣು, ಬೆನ್ನುಮೂಳೆಯ ಆಚೆಗೊಂದು ಈಚೆಗೊಂದು, ಬಾಯಿ ಬಿಟ್ಟುಕೊಂಡಿದ್ದವು. ಒಳಗೆ ಬೆಳ್ಳಗೆ ಹುಳು ಮಿಸುಕುತ್ತಿತ್ತು. ೧೯೧೪ರ ಯುದ್ಧ ಶುರುವಾಗಿ ತಿಂಗಳೂ ಆಗಿರಲಿಲ್ಲ. ಆಸ್ಟ್ರಿಯಾ ಚಕ್ರವರ್ತಿಯ ಈಟಿ ಸವಾರರ ದಂಡು ಗಡಿ ಪ್ರಾಂತ್ಯ ಗೆಲೀಷಿಯಾದ ಧೂಳಿನಲ್ಲಿ ರಷ್ಯನ್ನರನ್ನು ಹುಡುಕುತ್ತ ಅಲೆದದ್ದೇ ಬಂತು. ಶತ್ರುವಿನ ಒಂದು ಗುಂಡೂ ತಾಗದ ಕುದುರೆಗಳು ನಿಂತಲ್ಲೇ ಕೊಳೆಯುತ್ತಿದ್ದವು.

ಕೊಳೆಸಿದ್ದು ಜೀನು. ಸವಾರ ಮೆರವಣಿಗೆಯಲ್ಲಿ ಮೇಣದಬತ್ತಿಯ ಹಾಗೆ ನೆಟ್ಟಗೆ ಕೂತಿರಬೇಕೆಂದು ವಿಯೆನ್ನಾದ ಯಾವನೋ ಪುಣ್ಯಾತ್ಮ ಹೊಲಿಸಿದ ಜೀನದು. ನೋಡುವುದಕ್ಕೆ ಚೆಂದವೋ ಚೆಂದ. ಕುದುರೆ ಸ್ವಲ್ಪ ಬಡವಾಯಿತೋ, ಗರಗಸದ ಹಾಗೆ ಚರ್ಮ ಕೊಯ್ಯುತ್ತದೆ. ಅದರ ಮೇಲೆ, ರಷ್ಯನ್ನರು ಯಾವ ಗಳಿಗೆಗೆ ಬರುತ್ತಾರೋ, ರಾತ್ರಿಯೂ ಜೀನು ಬಿಚ್ಚಕೂಡದೆಂದು ಅಪ್ಪಣೆಯಾಗಿತ್ತು. ಇವತ್ತು ಬಿಚ್ಚಿದ್ದು ನಾಳೆಯ ಕವಾಯತಿಗಾಗಿ ಉಜ್ಜಿ ಹೊಳೆಸುವುದಕ್ಕೆ.

ಜೊಜೂಲಾ ರಜೆ ಕುದುರೆ. ಶಾಂತಿಕಾಲದಲ್ಲಿ ತನ್ನ ಕುದುರೆಗಳಿಗೆ ಹುಲ್ಲು ಹಾಕಲು ಕೈಲಾಗದ ಸರ್ಕಾರ ಪಳಗಿದ ಕುದುರೆಗಳನ್ನು ರೈತರಿಗೆ ಸಾಕಲು ಕೊಡುತ್ತಿತ್ತು. ಉಳುವುದಕ್ಕೆ, ಗಾಡಿಗೆ ಕಟ್ಟಿಕೊಳ್ಳಬಹುದು. ವರ್ಷಕ್ಕೊಮ್ಮೆ ತಂದು ತೋರಿಸಬೇಕು. ಯುದ್ಧವಾದರೆ ಹಿಂದಕ್ಕೆ ಕೊಡಬೇಕು. ಕರಾರಿನ ವರ್ಷಗಳು ಮುಗಿಯುವವರೆಗೂ ಚೆನ್ನಾಗಿ ನೋಡಿಕೊಂಡರೆ ಕುದುರೆ ರೈತನದೇ. ಓನುಫ್ರಿಗೆ ಇನ್ನೊಂದು ಚಳಿಗಾಲ ಉಳಿದಿತ್ತು, ಅಷ್ಟೇ. ಮನೆಯವರು ಬರೀ ಆಲೂಗಡ್ಡೆ ತಿಂದು ಅವಳಿಗೆ ಓಟ್ಸ್ ಹಾಕಿದ್ದರು. ಸರ್ಕಾರ ಕುದುರೆಯನ್ನೂ ಕರೆಸಿಕೊಂಡಿತು, ಸಾಕಿದವನನ್ನೂ ಕರೆಸಿಕೊಂಡಿತು.

"ಏನೋ, ನಿನ್ ಹೆಂಡ್ತಿ ಬೆನ್ನು ನೋಡ್ಕೊಂಡಂಗೆ ನೋಡ್ತಾ ನಿಂತಿದೀಯ?" ಎಂದ ಹವಾಲ್ದಾರ ಪ್ರೊಕಿಪ್. ಅವನೂ ಓನುಫ್ರಿಯ ಸೀಮೆಯವನೇ, ಮೀಸೆ ನರೆತವನು.

"ಹುಳ ಬಿದ್ದಿದೆ ಅಣ್ಣ."

"ಎಲ್ಲಾದಕ್ಕೂ ಬಿದ್ದಿದೆ. ನನ್ ಕುದುರೇದು ನೋಡಿದ್ರೆ ಮೂರು ದಿನ ಉಣ್ಣಲ್ಲ ನೀನು."

"ಕ್ಯಾಪ್ಟನ್ ಧಣಿಗೆ ಹೇಳ್ತೀನಿ. ಜೀನು ಹಾಕ್ದೆ ಬಿಟ್ರೆ ಮಾಯುತ್ತೆ. ನಾನು ನಡ್ಕೊಂಡೇ ಬರ್ತೀನಿ."

"ಹೋಗು, ಹೇಳು. ಉಗಿಸ್ಕೊಂಡು ಬಾ."

ಕ್ಯಾಪ್ಟನ್ ಲೋತಾರ್ ಕನ್ನಡಿ ಮುಂದೆ ಕೂತು ಕ್ಷೌರ ಮಾಡಿಸಿಕೊಳ್ಳುತ್ತಿದ್ದ. ಮಾತು ಪೂರ್ತಿ ಕೇಳಿಸಿಕೊಂಡ. ಆಮೇಲೆ ನೊರೆ ಮೆತ್ತಿದ ಮುಖ ತಿರುಗಿಸಿ, "ಸವಾರ ಆಗಿ ನಡ್ಕೊಂಡು ಬರ್ತೀಯಾ? ನಾಳೆ ಜರ್ಮನಿಯ ಕರ್ನಲ್ ನಮ್ಮನ್ನ ನೋಡೋಕೆ ಬರ್ತಿದಾರೆ. ಅವರ ಮುಂದೆ ಹಗ್ಗ ಹಿಡ್ಕೊಂಡು ದನ ಕಾಯೋನ ಥರ ನಿಲ್ತೀಯಾ? ಸಾಲಲ್ಲಿ ನಿಲ್ಲೋಕಾಗ್ದಿರೋ ಕುದುರೆ ಮಾಂಸ ಆಗಿ ಅಡುಗೆ ಗಾಡಿಗೆ ಹೋಗುತ್ತೆ. ತಿಳೀತಾ?" ಎಂದ.

ತಿಳಿಯಿತು. ಎರಡು ಸಾಮ್ರಾಜ್ಯಗಳದು ಆಗ ಗಳಸ್ಯ ಕಂಠಸ್ಯ. ಒಬ್ಬ ಚಕ್ರವರ್ತಿಯ ಮಾನ ಇನ್ನೊಬ್ಬನ ಮುಂದೆ ಹೋಗಬಾರದು. ಆ ಮಾನ ಇದ್ದದ್ದು ಕೆಂಪು ಚಲ್ಲಣದಲ್ಲಿ, ಹಿತ್ತಾಳೆ ಗುಂಡಿಯಲ್ಲಿ. ಕುದುರೆಯ ಬೆನ್ನಿನಲ್ಲಿ ಅಲ್ಲ, ಅದನ್ನು ಹೇಗೂ ಜೀನು ಮುಚ್ಚುತ್ತದೆ.

ಪ್ರೊಕಿಪ್ ಹಂದಿಕೊಬ್ಬಿಗೆ ಮಸಿ ಕಲಸಿ ತಂದ. "ಬಳಿ. ನಾತ ತಡೆಯುತ್ತೆ, ಅವಳ ಕಪ್ಪು ಬಣ್ಣಕ್ಕೂ ಕೂಡುತ್ತೆ. ಬದುಕಿಸ್ಕೋಬೇಕು ಅಂದ್ರೆ ಇದೇ ದಾರಿ."

ಜೊಜೂಲಾ ನಡುಗಿದಳು, ಕಚ್ಚಲಿಲ್ಲ. ಹುಳುಗಳ ಮೇಲೇ ಕೊಬ್ಬು ಮೆತ್ತುವಾಗ ಓನುಫ್ರಿಗೆ ತನ್ನ ಬೆರಳುಗಳೇ ಅಸಹ್ಯವಾದವು. ಅಡುಗೆ ಗಾಡಿ ತಪ್ಪಲಿ, ಕವಾಯತು ಮುಗಿದ ಮೇಲೆ ಹೇಗಾದರೂ ತೊಳೆದರಾಯಿತು ಎಂದುಕೊಂಡ.

ಮರುದಿನದ ಕವಾಯತು ಮದುವೆ ದಿಬ್ಬಣದ ಹಾಗೆ ನಡೆಯಿತು. ಕಹಳೆ ಊದಿತು, ಈಟಿ ಮಿನುಗಿತು. ಓನುಫ್ರಿಗೆ ಬರುತ್ತಿದ್ದ ಜರ್ಮನ್ ಎಂದರೆ ನಿಲ್ಲು, ಏರು, ತಿರುಗು ಎಂಬ ಹುಕುಂಗಳು ಮಾತ್ರ. ಹುಕುಂ ಬಿದ್ದ ಹಾಗೆ ನಿಂತ, ತಿರುಗಿದ. ಬೂದು ಬಣ್ಣದ ಸಮವಸ್ತ್ರದ ಜರ್ಮನ್ ಕರ್ನಲ್ ಸಾಲು ನೋಡುತ್ತ ಬಂದವನು ಜೊಜೂಲಾಳ ಮುಂದೆ ನಿಂತುಬಿಟ್ಟ. ಅವಳ ಕತ್ತು ಸವರಿದ.

ಊಟದ ಮೇಜು ಲಿಂಡನ್ ಮರಗಳ ಕೆಳಗೆ. ಬಿಳಿ ಬಟ್ಟೆ, ಹುರಿದ ಬಾತುಕೋಳಿ, ಹಂಗೆರಿಯ ವೈನ್. ಎರಡು ಲೋಟ ಇಳಿಯುವಷ್ಟರಲ್ಲಿ ಕ್ಯಾಪ್ಟನ್‌ಗೆ ಔದಾರ್ಯ ಉಕ್ಕಿತು. ಓನುಫ್ರಿಗೆ ಹೇಳಿಕಳಿಸಿದ.

"ಆ ಕುದುರೆ ತಗೊಂಬಾ. ಕರ್ನಲ್ ಅವರಿಗೆ ಉಡುಗೊರೆ ಕೊಡ್ತಿದೀನಿ."

"ಧಣಿ, ಅದು ರಜೆ ಕುದುರೆ. ಇನ್ನೊಂದು ಚಳಿಗಾಲ ಕಳೆದ್ರೆ ನನ್ನದು."

"ನಿನ್ನದಂತೆ," ಎಂದು ಕ್ಯಾಪ್ಟನ್ ಜರ್ಮನ್‌ನಲ್ಲಿ ಏನೋ ಹೇಳಿದ. ಮೇಜಿನವರೆಲ್ಲ ನಕ್ಕರು. ಓನುಫ್ರಿ ಜೊಜೂಲಾಳನ್ನು ಹಿಡಿದು ತಂದ.

ಕರ್ನಲ್ಲನ ಕುದುರೆ ನೋಡಿಕೊಳ್ಳುವ ಕಾಸ್ತಾರ ತಮ್ಮ ಜೀನು ಹಾಕಲೆಂದು ಅಲ್ಲೇ ಪಟ್ಟಿ ಬಿಚ್ಚಿ ಹಳೆಯ ಜೀನನ್ನು ಎಳೆದ. ಅದು ಬರಲಿಲ್ಲ. ಜೋರಾಗಿ ಎಳೆದ. ಜೀನಿನ ಜೊತೆ ಚರ್ಮವೂ ಕಿತ್ತು ಬಂತು. ಮಸಿ ಬೆರೆತ ಕೀವು ಜೊಜೂಲಾಳ ಪಕ್ಕೆಗುಂಟ ಇಳಿಯಿತು. ಆ ನಾತ ಬಾತುಕೋಳಿಯ ಘಮವನ್ನು ತಳ್ಳಿಕೊಂಡು ಮೇಜಿನವರೆಗೂ ಹೋಯಿತು. ಒಬ್ಬ ಅಧಿಕಾರಿ ತಟ್ಟೆಗೇ ವಾಂತಿ ಮಾಡಿದ. ಕರ್ನಲ್ ಮೂಗಿಗೆ ಕರವಸ್ತ್ರ ಹಿಡಿದು ಒಂದೇ ಮಾತು ಹೇಳಿದ. ಓನುಫ್ರಿಗೆ ಅರ್ಥವಾಗಲಿಲ್ಲ. ಆದರೆ ಕ್ಯಾಪ್ಟನ್ ಕಿವಿಯವರೆಗೂ ಕೆಂಪಾದ.

"ಸೂಳೆಮಗನೆ, ಚಕ್ರವರ್ತಿಗಳ ಆಸ್ತೀನ ಹಿಂಗೇನೋ ನೋಡ್ಕೊಳ್ಳೋದು?"

"ನಿನ್ನೆ ಹೇಳಿದ್ದೆ, ಧಣಿ."

"ಬಾಯ್ಮುಚ್ಚು. ಹೊಡೆದು ಹಾಕು ಇದನ್ನ."

ಊರಾಚೆ ಎಲ್ಲಾದರೂ ಎಂದು ಕ್ಯಾಪ್ಟನ್‌ನ ಮನಸ್ಸಿನಲ್ಲಿತ್ತು. ಅದು ಓನುಫ್ರಿಗೂ ಗೊತ್ತಿತ್ತು. ಊರಾಚೆಗೆ ಒಯ್ಯುವುದೆಂದರೆ ಆ ಬೆನ್ನಿನಲ್ಲಿ ಅವಳನ್ನು ಇನ್ನೂ ಅಷ್ಟು ದೂರ ನಡೆಸಬೇಕು. ಇವರ ಕಣ್ಣಿಗೆ, ಮೂಗಿಗೆ ತೊಂದರೆಯಾಗದಿರಲಿ ಎಂದು. ಅವನು ಜೊಜೂಲಾಳ ಹಣೆಗೆ ಹಣೆ ತಾಗಿಸಿದ. ಭುಜದ ಬಂದೂಕು ಇಳಿಸಿದ. ಮೇಜಿನಿಂದ ಮೂರು ಮಾರು ದೂರದಲ್ಲೇ ಹೊಡೆದ.

ಅವಳು ಮುಂಗಾಲು ಮಡಿಸಿ ಬಿದ್ದಳು. ಬಿಳಿ ಬಟ್ಟೆಯ ಅಂಚಿಗೆ ನೆತ್ತರು ಸಿಡಿಯಿತು. ಲೋಟಗಳು ಉರುಳಿದವು.

ಪ್ರೊಕಿಪ್ ಓಡಿ ಬಂದು ಬಂದೂಕು ಕಿತ್ತುಕೊಂಡ. "ಏನೋ ಮಾಡ್ಕೊಂಡೆ, ಮುಂಡೇದೆ. ಕಟ್ಟಿಹಾಕ್ತಾರೆ ಕಣೋ ಮರಕ್ಕೆ."

"ಹುಕುಂ ಪಾಲಿಸಿದೀನಿ ಅಣ್ಣ," ಎಂದ ಓನುಫ್ರಿ. ಕೈಗಳನ್ನು ತಾನೇ ಬೆನ್ನ ಹಿಂದಕ್ಕೆ ಕೊಟ್ಟ.

ಸೈನಿಕರು ಕಾಲಿಗೆ ಹಗ್ಗ ಹಾಕಿ ಎಳೆದರು. ಕುದುರೆ ಅಲುಗಲಿಲ್ಲ. ನೊಣ ಮುತ್ತತೊಡಗಿತು. ಕೊನೆಗೆ ಮೇಜನ್ನೇ ಎತ್ತಿದರು. ಒಂದು ತುದಿ ಆಸ್ಟ್ರಿಯಾದ ಆಳುಗಳು ಹಿಡಿದರು, ಇನ್ನೊಂದು ತುದಿ ಜರ್ಮನಿಯ ಆಳುಗಳು. ಉಳಿದ ವೈನ್ ತುಳುಕದ ಹಾಗೆ, ಗಾಳಿ ಯಾವ ಕಡೆಯಿಂದ ಬೀಸುತ್ತಿದೆಯೆಂದು ನೋಡಿಕೊಂಡು, ನಿಧಾನವಾಗಿ ಹೊತ್ತುಕೊಂಡು ಹೋದರು.