ಬೆನ್ನಿಗೆ ಮೊಸರಿಲ್ಲ

"ದಿನಾ ಮೊಸರು ಸುರೀತಾರೆ ಮೇಡಂ, ಮೇಲೆ ನಿಂಬೆಹಣ್ಣು ಬೇರೆ ಹಿಂಡ್ತಾರೆ. ಹುಳಿ ಬಿದ್ರೆ ಕಲ್ಲು ಉಳಿಯುತ್ತಾ?" ಕಾರ್ಖಾನೆಯ ವಕೀಲ ಪ್ರಸನ್ನ ವೀರಗಲ್ಲಿನ ಮುಂದೆ ನಿಂತು ಕೇಳಿದ.

ಹೈಕೋರ್ಟು ನೇಮಿಸಿದ ಸಮಿತಿಯಿಂದ ಬಂದಿದ್ದ ಶ್ರೀರಂಜನಿ ಬರೆದುಕೊಳ್ಳುತ್ತಿದ್ದರು. ಮಾಕಳಿಯಾಚೆಯ ಈ ಹಳೆಯ ಕಲ್ಲನ್ನು ತಿನ್ನುತ್ತಿರುವುದು ಪಕ್ಕದ, ಲೋಹಕ್ಕೆ ಲೇಪ ಹಾಕುವ ಪ್ಲೇಟಿಂಗ್ ಕಾರ್ಖಾನೆಯ ಆಸಿಡ್ ಹೊಗೆಯೋ, ಅಲ್ಲವೋ? ಅವರ ವರದಿ ನೋಡಿಯೇ ಕೋರ್ಟು ಹೊಗೆ ನಿಲ್ಲಿಸಬೇಕಿತ್ತು, ಇಲ್ಲವೇ ಬಿಡಬೇಕಿತ್ತು.

"ಅಮ್ಮ, ದಿನಾ ಅಭಿಷೇಕ ಮಾಡ್ತೀರಾ?" ಶ್ರೀರಂಜನಿ ಕಲ್ಲಿನ ಪಕ್ಕ ನಿಂತಿದ್ದ ಹೆಂಗಸನ್ನು ಕೇಳಿದರು.

"ಮಾಡ್ತೀನಿ. ನಮ್ಮತ್ತೆ ಮಾಡ್ತಿದ್ರು, ಅವರತ್ತೆನೂ ಮಾಡ್ತಿದ್ರು" ಎಂದಳು ಅನುಸೂಯಮ್ಮ. ಸುಳ್ಳು ಹೇಳುವ ಜಾಯಮಾನ ಅವಳದಲ್ಲ.

ಪ್ರಸನ್ನ ನಕ್ಕ. ಹೊಗೆ ನಿಲ್ಲಿಸಿ ಎಂದು ಕೋರ್ಟಿಗೆ ಅರ್ಜಿ ಹಾಕಿದವಳ ಬಾಯಿಂದಲೇ ಬಂತಲ್ಲ. ರೋಗಿ ಬಯಸಿದ್ದೂ ಹಾಲು ಅನ್ನ, ವೈದ್ಯ ಹೇಳಿದ್ದೂ ಹಾಲು ಅನ್ನ! ಅವನ ಹಿಂದೆ ಫೈಲು ಹಿಡಿದು ನಿಂತಿದ್ದ ರಾಜೇಂದ್ರ ನೆಲ ನೋಡಿದ. ಅವನು ಅನುಸೂಯಮ್ಮನ ಮಗ, ಅದೇ ಕಾರ್ಖಾನೆಯಲ್ಲಿ ಒಂಬತ್ತು ವರ್ಷದಿಂದ ಸೂಪರ್‌ವೈಸರ್. ಅರ್ಜಿ ವಾಪಸ್ ತಗೊಳ್ಳಮ್ಮ ಎಂದು ಕೇಳಿ ಕೇಳಿ ಸೋತಿದ್ದ.

ಅನುಸೂಯಮ್ಮನಿಗೆ ರೇಗಿತು. ತಲೆತಲಾಂತರದ ಪೂಜೆಯ ತಲೆಗೇ ತಪ್ಪು ಕಟ್ಟುವುದೆಂದರೇನು? ಸೆರಗನ್ನು ಸೊಂಟಕ್ಕೆ ಸಿಗಿಸಿದಳು.

"ಇಂದ್ಗಡೆ ಬನ್ನಿ ಮೇಡಮ್ಮ."

"ಅಲ್ಲಿ ಬರೀ ಮುಳ್ಳು, ಹೋಗ್ಬೇಡಿ ಮೇಡಂ" ಎಂದ ಪ್ರಸನ್ನ.

"ಮುಳ್ಳು ಚುಚ್ಚೋದು ನಮ್ಮ ಕಾಲಿಗೆ. ನಿಂಗ್ಯಾಕಪ್ಪ ನೋವು?"

ಕಲ್ಲಿಗೂ ಕಾರ್ಖಾನೆಯ ಕಾಂಪೌಂಡಿಗೂ ನಡುವೆ ಒಬ್ಬರು ಅಡ್ಡಡ್ಡ ನುಸುಳುವಷ್ಟೇ ಸಂದು. ಶ್ರೀರಂಜನಿ ನುಸುಳಿದರು. ಕಲ್ಲಿನ ಬೆನ್ನ ಮೇಲೆ ಎಂಟು ಸಾಲು ಬರಹವಿದ್ದದ್ದು ಪುರಾತತ್ವ ಇಲಾಖೆಯ ಹಳೆಯ ಫೋಟೊದಲ್ಲಿತ್ತು. ಈಗ ಒಂದಕ್ಷರವೂ ಇಲ್ಲ. ಬೆರಳಿಟ್ಟರೆ ರಾಗಿಹಿಟ್ಟಿನ ಹಾಗೆ ಪುಡಿ ಉದುರಿತು.

"ದೇವರ ಬೆನ್ನಿಗೆ ಯಾರೂ ಮೊಸರು ಉಯ್ಯಲ್ಲ" ಎಂದಳು ಅನುಸೂಯಮ್ಮ. "ಮುಂದ್ಗಡೆ ಹುಳಿ ನಂದೇ ಅಂತಿಟ್ಕೊಳ್ಳಿ. ಇಲ್ಲಿ ಉಯ್ದೋರು ಯಾರು?"

ಮುಂದಕ್ಕೆ ಬಂದು ಕಲ್ಲಿನ ಮೇಲಿನ ಎಣ್ಣೆಜಿಡ್ಡನ್ನು ಉಗುರಿನಿಂದ ಕೆರೆದಳು. ಅಡಿಯಲ್ಲಿ ಅಕ್ಷರಗಳು ಸ್ಪಷ್ಟವಾಗಿದ್ದವು.

ಶ್ರೀರಂಜನಿ ಕಂಡದ್ದನ್ನೆಲ್ಲ ಮಹಜರಿನಲ್ಲಿ ಬರೆದರು. "ಊರಿನವರು ಇಬ್ಬರು ಸಹಿ ಹಾಕ್ಬೇಕು" ಎಂದರು. ಸುತ್ತ ನಿಂತಿದ್ದವರು ಒಬ್ಬೊಬ್ಬರೇ ಜಾರಿಕೊಂಡರು. ಮನೆಗೊಬ್ಬರಾದರೂ ಆ ಕಾರ್ಖಾನೆಯಲ್ಲಿ ದುಡಿಯುವವರೇ. ಅನುಸೂಯಮ್ಮ ಕಲ್ಲಿನ ಕಟ್ಟೆಯ ಮೇಲೆ ಕಾಗದವಿಟ್ಟು ಸಹಿ ಮಾಡಿದಳು.

"ಇನ್ನೊಂದು?"

"ಬೇಕಾದ್ರೆ ಅದೂ ನಾನೇ ಆಕ್ತೀನಿ."

"ಹಾಗೆ ಬರಲ್ಲಮ್ಮ."

ರಾಜೇಂದ್ರ ಫೈಲನ್ನು ವಕೀಲನ ಕೈಗೆ ಕೊಟ್ಟು ಮುಂದೆ ಬಂದ.

"ರಾಜೇಂದ್ರ, ನಾಳೆ ಗೇಟೊಳಗೆ ಬರೋದು ಬೇಡ್ವಾ?" ಪ್ರಸನ್ನ ಕೇಳಿದ.

ಅವನು ಪೆನ್ನಿಗೆ ಕೈ ಚಾಚಿದ. ಅನುಸೂಯಮ್ಮ ಮಗನ ಮುಖ ನೋಡಲಿಲ್ಲ. "ಗಾಳಿಗೆ ಆರೋಗ್ತದೆ" ಎಂದು, ಅವನು ಬರೆದು ಮುಗಿಸುವವರೆಗೂ ಕಾಗದದ ಅಂಚನ್ನು ಅಂಗೈಯಿಂದ ಒತ್ತಿ ಹಿಡಿದುಕೊಂಡಳು.