ಉಪ್ಪಿನ ಗಣಿಯಲ್ಲಿ ನನ್ನ ಹೆಸರು ಕೂಗಿದಾಗ

ಅಪೊಲೋನಿಯಾ ಅನ್ನುವುದು ಹಲ್ಲುನೋವು ವಾಸಿ ಮಾಡುವ ಸಂತಳ ಹೆಸರು. ಅಜ್ಜಿಗೆ ಏನು ಹರಕೆ ಇತ್ತೋ, ನನಗೆ ಅದನ್ನೇ ಕಟ್ಟಿದರು. ಮನೆಯಲ್ಲಿ ಪೋಲಾ ಅಂತಾರೆ. ನಮ್ಮ ತಾರ್ನೂವ್ ಊರಿಡೀ ಜಾಲಾಡಿದರೂ ಅಪೊಲೋನಿಯಾ ಸ್ರೋಕಾ ಅಂತ ಇನ್ನೊಬ್ಬಳು ಸಿಗಲಿಕ್ಕಿಲ್ಲ. ಹಾಗಾಗಿ ಆವತ್ತು ವ್ಯೆಲೀಚ್ಕಾದ ಉಪ್ಪಿನ ಗಣಿಯಲ್ಲಿ, ಇಳಿದು ಇಳಿದು ಮೊಣಕಾಲು ನಡುಗುತ್ತಿದ್ದ ಆ ಮರದ ಮೆಟ್ಟಿಲ ಬುಡದಲ್ಲಿ, ನಮ್ಮ ಚಿಕ್ಕ ಪಾದ್ರಿ "ಅಪೊಲೋನಿಯಾ ಸ್ರೋಕಾ ಎಲ್ಲಿ? ಇಳಿದು ಬಂದ್ರಾ?" ಅಂತ ಕೂಗಿದಾಗ ಓಗೊಟ್ಟವಳು ನಾನೊಬ್ಬಳೇ.

ಆದರೆ ಆ ಹೆಸರಿಗೆ ಬೆಚ್ಚಿ ನಿಂತವರು ಇನ್ನೊಬ್ಬರಿದ್ದರು.

ನಮ್ಮ ಚರ್ಚಿನ ಗುಂಪು ಸಣ್ಣದು. ಓಪೋಲೆ ಕಡೆಯಿಂದ ಬಂದಿದ್ದ ನಿವೃತ್ತ ರೈಲ್ವೆಯವರ ಗುಂಪೂ ಸಣ್ಣದೇ. ಎರಡನ್ನೂ ಸೇರಿಸಿ ಒಬ್ಬನೇ ಗೈಡನ ಕೈಗೆ ಒಪ್ಪಿಸಿದ್ದರು. ಆ ರೈಲ್ವೆಯವರಲ್ಲಿ ಒಬ್ಬರು ಎತ್ತರದ ಆಳು, ಬಿಳಿ ಮೀಸೆ, ಟೋಪಿ ಕೈಯಲ್ಲಿ ಹಿಡಿದಿದ್ದರು. ಜನರನ್ನು ಸರಿಸಿಕೊಂಡು ನನ್ನ ಹತ್ತಿರ ಬಂದು ಮುಖವನ್ನೇ ದಿಟ್ಟಿಸಿದರು.

"ತಾರ್ನೂವಿನ ಪೋಲಾ?"

"ಹೌದು. ತಾವು ಯಾರು ಅಂತ..."

"ತಾವಂತೆ." ಅವರು ನಕ್ಕರು. "ನಾನು ಕಣೇ, ಜೆನೋನ್. ಕುದೋವಾದಲ್ಲಿ. ಗುರುತು ಸಿಗಲಿಲ್ವಾ? ಮೀಸೆ ಆಗ ಕಪ್ಪಗಿತ್ತು ಬಿಡು."

ಗಂಡ ಯೂಲೆಕ್ ತೀರಿಕೊಂಡ ಮೇಲೆ ನನ್ನನ್ನು 'ಕಣೇ' ಅಂದ ಗಂಡಸೇ ಇಲ್ಲ. ನನಗೆ ಕಿವಿಯೆಲ್ಲ ಬಿಸಿಯಾಯಿತು. ಕುದೋವಾ ಅಂದರೆ ದೂರದ ಗಡಿಯಲ್ಲಿರುವ ಊರು. ಅಲ್ಲಿ ಆರೋಗ್ಯಧಾಮವಿದೆ, ಗುಣ ಇರುವ ನೀರು ಇದೆ, ಸಂಜೆ ಬ್ಯಾಂಡಿಗೆ ಕುಣಿಯುತ್ತಾರೆ ಅಂತ ಕೇಳಿದ್ದೆನೇ ಹೊರತು ಕಣ್ಣಾರೆ ಕಂಡವಳಲ್ಲ.

"ತಪ್ಪು ತಿಳಿದಿದ್ದೀರಿ. ನಾನು ಕುದೋವಾಗೆ ಹೋಗಿಯೇ ಇಲ್ಲ."

"ಹೋಗಲಿ ಬಿಡು, ಈ ಪಾದ್ರಿ ಎದುರಿಗೆ ಬೇಡ," ಅಂತ ಅವರು ದನಿ ತಗ್ಗಿಸಿ ಕಣ್ಣು ಮಿಟುಕಿಸಿದರು.

ಅಷ್ಟರಲ್ಲಿ ಗೈಡು ಮುಂದೆ ಹೊರಟ. ಗಣಿಯವರ ಕಪ್ಪು ಕೋಟು ತೊಟ್ಟ ತಮಾಷೆಯ ಮನುಷ್ಯ. "ಗೋಡೆ ನೆಕ್ಕಿ ನೋಡಬಹುದು, ಎಲ್ಲಾ ಉಪ್ಪೇ. ಆದ್ರೆ ಪಕ್ಕದವರು ನೆಕ್ಕಿದ ಜಾಗ ಮಾತ್ರ ಬಿಟ್ಟುಬಿಡಿ," ಅಂದ. ಎಲ್ಲರೂ ನಕ್ಕರು. ನಾನು ನಗಲಿಲ್ಲ. ನನ್ನ ನಾದಿನಿ ಲುದ್ವಿಕಾ ಎಲ್ಲಿ ಅಂತ ಹುಡುಕುತ್ತಿದ್ದೆ.

ಲುದ್ವಿಕಾ ಯೂಲೆಕ್‌ನ ತಂಗಿ. ಮದುವೆಯಾಗಲಿಲ್ಲ. ನಾನು ಆ ಮನೆಗೆ ಸೊಸೆಯಾಗಿ ಬಂದ ದಿನದಿಂದ ಹಿಂದಿನ ಕೋಣೆ ಅವಳದು. ಯೂಲೆಕ್ ಹೋದ ಮೇಲೆ ನಾವಿಬ್ಬರೇ ಒಂದು ಮೇಜಿನಲ್ಲಿ ಉಣ್ಣುತ್ತೇವೆ, ಒಂದೇ ಟೀವಿ ಮುಂದೆ ಜಗಳವಾಡುತ್ತೇವೆ. ಬಸ್ಸಿನಲ್ಲಿ ಇಡೀ ದಾರಿ ನನ್ನ ಪಕ್ಕದಲ್ಲಿ ಕೂತು ಮೊಟ್ಟೆ ಬಿಡಿಸಿ ತಿಂದವಳು ಈಗ ಗೈಡನ ಬೆನ್ನಿಗೆ ಅಂಟಿಕೊಂಡು, ತಲೆಗೆ ಸ್ಕಾರ್ಫ್ ಬಿಗಿದು, ಎಲ್ಲರಿಗಿಂತ ಮುಂದೆ ನಡೆಯುತ್ತಿದ್ದಳು. ಬೇರೆ ದಿನಗಳಲ್ಲಿ ಸೊಂಟ ಹಿಡಿದಿದೆ ಅಂತ ನರಳುವವಳು.

ಏದುಸಿರು ಬಿಡುತ್ತ ಅವಳನ್ನು ಹಿಡಿದೆ.

"ಲುದ್ವಿಕಾ, ಹಿಂದೆ ಒಬ್ಬರು ಇದಾರಲ್ಲ, ಮೀಸೆಯವರು, ನನ್ನ ಹೆಸರು, ಊರು ಎಲ್ಲಾ ಹೇಳ್ತಾರೆ ಕಣೇ. ಕುದೋವಾದಲ್ಲಿ ನೋಡಿದೀನಿ ಅಂತಾರೆ. ನಾನು ಯಾವಾಗ ಹೋಗಿದ್ದೆ ಕುದೋವಾಗೆ?"

ಅವಳು ಗೋಡೆ ನೋಡುತ್ತಲೇ ಮಾತಾಡಿದಳು. "ನಂಗೇನು ಗೊತ್ತು? ಹೋಗಿದ್ರೂ ಹೋಗಿರಬಹುದು. ನಿನಗೆ ಎದೆ ಬೇನೆ ಇತ್ತಲ್ಲ ಆಗ. ನಿನ್ನ ಕಾರ್ಖಾನೆಯವರು ಕಳಿಸ್ತೀವಿ ಅಂದಿದ್ರಲ್ಲ."

"ಅಂದಿದ್ರು. ನಾನು ಹೋಗಲಿಲ್ಲ. ವಿತೆಕ್‌ಗೆ ನಾಯಿಕೆಮ್ಮು ಆಗಿತ್ತು, ಮಗುನ ಬಿಟ್ಟು ಹೇಗೆ ಹೋಗಲಿ?"

"ಮರೆತಿರಬಹುದು, ಪೋಲಾ. ಮೊನ್ನೆ ನೀನೇ ಕೀಲಿ ಫ್ರಿಜ್ಜಲ್ಲಿ ಇಟ್ಟಿದ್ದೆ, ನೆನಪಿದೆಯಾ? ವಯಸ್ಸಾಯ್ತು." ಇಷ್ಟು ಹೇಳಿ ಅವಳು ಮತ್ತೆ ಗೈಡನ ಹಿಂದೆ ಸರಿದುಬಿಟ್ಟಳು.

ಕೀಲಿ ಫ್ರಿಜ್ಜಿನಲ್ಲಿ ಇಟ್ಟದ್ದು ನಿಜ. ನನ್ನ ಅಮ್ಮ ಕೊನೆಗಾಲದಲ್ಲಿ ನನ್ನನ್ನು ತನ್ನ ತಂಗಿ ಅಂತ ಕರೆಯುತ್ತಿದ್ದಳು, ಎಂದೋ ಸತ್ತ ಹಸುವಿಗೆ ಹುಲ್ಲು ಹಾಕಿದೆಯಾ ಅಂತ ಕೇಳುತ್ತಿದ್ದಳು. ಅದೂ ಹೀಗೇ ಶುರುವಾಗಿತ್ತಾ? ಕಾಲ ಕೆಳಗಿನ ಉಪ್ಪಿನ ನೆಲ ಕನ್ನಡಿಯ ಹಾಗೆ ಹೊಳೆಯುತ್ತಿತ್ತು. ಜಾರಿಬಿಡುತ್ತೇನೆ ಅನ್ನಿಸಿ ದಾರಿಯ ಬದಿಗೆ ಕಟ್ಟಿದ್ದ ಹಗ್ಗ ಹಿಡಿದುಕೊಂಡೆ.

ಜೆನೋನ್ ಮತ್ತೆ ಪಕ್ಕಕ್ಕೆ ಬಂದರು. ಗೈಡು ಉಪ್ಪಿನಲ್ಲಿ ಕೆತ್ತಿದ ಕುಬ್ಜರನ್ನು ತೋರಿಸಿದ, ಉಪ್ಪು ಮೇಲೆತ್ತುವ ರಾಟೆ ಸುತ್ತುವ ಕುದುರೆಯ ಬೊಂಬೆ ತೋರಿಸಿದ. ನಾವಿಬ್ಬರೂ ನೋಡಲಿಲ್ಲ.

"ನೀನು ಬರೀಬೇಡ ಅಂದಿದ್ದೆ. ನಾನು ಬರೀಲಿಲ್ಲ," ಅಂದರು. "ಆದ್ರೆ ಒಂದು ಸಲ ತಾರ್ನೂವಿಗೆ ಬಂದಿದ್ದೆ. ಅದು ನಿನಗೆ ಗೊತ್ತಿಲ್ಲ."

"ಎಲ್ಲಿಗೆ?"

"ನಿಮ್ಮನೆಗೆ. ನಿನ್ನ ಹೆಸರು ಹೇಳಿ ವಿಳಾಸ ಕೇಳಿದೆ, ಮೊದಲು ಕೇಳಿದವನೇ ತೋರಿಸಿದ. ಹಸಿರು ಗೇಟು, ಮಾಡಿನ ಮೇಲೆ ಪಾರಿವಾಳದ ಗೂಡು. ಹೌದಾ?"

ಹೌದು. ಪಾರಿವಾಳ ಯೂಲೆಕ್‌ನವು.

"ಅಂಗಳದಲ್ಲಿ ನಿನ್ನ ಗಂಡ ಬಟ್ಟೆ ಒಣಹಾಕ್ತಿದ್ದ. ಹೆಗಲ ಮೇಲೆ ಮಗು ಕೂತಿತ್ತು. ಕ್ಲಿಪ್ಪು ಒಂದೊಂದೇ ತೆಗೆದು ಕೊಡ್ತಿತ್ತು. ಗಂಡ ಒಳ್ಳೆಯವನಲ್ಲ ಅಂತ ನೀನೇನೂ ಹೇಳಿರಲಿಲ್ಲ, ಅದು ನಿಜ. ಆದ್ರೂ ನಾನು ಬೇರೆ ಏನೋ ಅಂದ್ಕೊಂಡಿದ್ದೆ. ಅದನ್ನ ನೋಡಿದ ಮೇಲೆ, ಈ ಮನೆ ಮುರೀಬಾರದು ಅನ್ನಿಸ್ತು. ಹಾಗೇ ಸ್ಟೇಷನ್ನಿಗೆ ವಾಪಸ್ ಹೋದೆ."

ಯೂಲೆಕ್ ಹಾಗೆಯೇ ಮಾಡುತ್ತಿದ್ದ. ವಿತೆಕ್‌ನನ್ನು ಹೆಗಲಿಗೇರಿಸಿಕೊಂಡೇ ಬಟ್ಟೆ ಹರವುತ್ತಿದ್ದ. ಈ ಮನುಷ್ಯ ಸುಳ್ಳು ಹೇಳುತ್ತಿಲ್ಲ. ಹಾಗಾದರೆ ನಾನು? ಪರಪುರುಷನ ಜೊತೆ ಕುಣಿದು, ನಕ್ಕು, ಊರಿಗೆ ಬಂದು, ಅದೆಲ್ಲ ತೊಳೆದುಹೋದ ಹಾಗೆ ಮರೆತುಬಿಟ್ಟೆನಾ?

ದೊಡ್ಡ ಪ್ರಾರ್ಥನಾಲಯಕ್ಕೆ ಇಳಿದೆವು. ನೆಲ ಉಪ್ಪು, ಪೀಠ ಉಪ್ಪು, ಮೇಲೆ ತೂಗುವ ದೀಪದ ಗೊಂಚಲೂ ಉಪ್ಪಿನ ಹರಳು. ನಾನು ಮಂಡಿಯೂರಿ ಕಣ್ಣು ಮುಚ್ಚಿ ಕುದೋವಾವನ್ನು ನೆನೆಯಲು ನೋಡಿದೆ. ಹೇಳಿದರೆ ನಗುತ್ತೀರಿ, ಸ್ವಲ್ಪ ಹೊತ್ತಿಗೆ ಅದು ಬಂದೇಬಿಟ್ಟಿತು. ಸಾಲುಮರದ ದಾರಿ, ಮೂತಿಯಿರುವ ಬಟ್ಟಲಿನಿಂದ ಹೀರುವ ತುಕ್ಕುರುಚಿಯ ನೀರು, ಕಪ್ಪು ಮೀಸೆಯ ಹುಡುಗ. ಎಲ್ಲಾ ಕಂಡಿತು. ಯಾರೋ ಹೇಳಿದ್ದೋ, ಚಿತ್ರದಲ್ಲಿ ಕಂಡದ್ದೋ, ನಾನೇ ಬದುಕಿದ್ದೋ, ತಿಳಿಯಲಿಲ್ಲ. ಎದ್ದು ಜೆನೋನ್ ಹತ್ತಿರ ಹೋದೆ.

"ಕ್ಷಮಿಸಿ. ನನಗೆ ಮರೆವು ಶುರುವಾಗಿರಬೇಕು. ನಿಮಗೆ ನೋವಾಗೋ ಹಾಗೆ ನಡ್ಕೊಂಡಿದ್ರೆ..."

"ಏನೂ ಇಲ್ಲ ಕಣೇ, ಅಳಬೇಡ." ಅವರಿಗೆ ಗಾಬರಿಯಾಯಿತು. ನನ್ನನ್ನು ನಗಿಸಲೆಂದೋ ಏನೋ, ಮೇಲಿನ ಚಾವಣಿ ತೋರಿಸಿದರು. "ಎಷ್ಟು ಎತ್ತರ ನೋಡು. ಇಲ್ಲಿ ನಿನ್ನ ಆ ಸಿಳ್ಳೆ ಹೊಡೆದ್ರೆ ಹೇಗಿರುತ್ತೆ? ಎರಡು ಬೆರಳು ಬಾಯಿಗಿಟ್ಟು ಹೊಡೀತಿದ್ಯಲ್ಲ, ಬ್ಯಾಂಡಿನವರು ಬಾರಿಸೋದೇ ನಿಲ್ಲಿಸಿಬಿಟ್ಟಿದ್ರು."

ನನಗೆ ಸಿಳ್ಳೆ ಹೊಡೆಯಲು ಬರುವುದಿಲ್ಲ. ಯೂಲೆಕ್ ಎಷ್ಟೋ ಸಲ ಕಲಿಸಲು ನೋಡಿ ಸೋತ, ಬರೀ ಉಗುಳು ಹಾರುತ್ತಿತ್ತು. ನಮ್ಮ ಮನೆಯಲ್ಲಿ ಪಾರಿವಾಳ ಕರೆಯಲು ಎರಡು ಬೆರಳಿನ ಸಿಳ್ಳೆ ಹೊಡೆಯುತ್ತಿದ್ದವರು ಅಣ್ಣ ತಂಗಿ ಇಬ್ಬರೇ.

ಕಾರ್ಖಾನೆಯವರು ಕೊಟ್ಟ, ಕುದೋವಾದ ಆರೋಗ್ಯಧಾಮಕ್ಕೆ ಹೋಗುವ ಚೀಟಿಯನ್ನು ಕಚೇರಿಗೆ ಹಿಂದಿರುಗಿಸಿ ಬಾ ಅಂತ ನಾನು ಕೊಟ್ಟದ್ದು ಲುದ್ವಿಕಾಳ ಕೈಗೆ. ಕೊಟ್ಟುಬಂದೆ ಅಂದಳು. ಆಮೇಲೆ ಝೆಶೂವ್‌ನಲ್ಲಿ ಚಿಕ್ಕಮ್ಮನಿಗೆ ಆಪರೇಷನ್ ಆಗಿದೆ, ನೋಡಿಕೊಳ್ಳಬೇಕು ಅಂತ ಹೋಗಿ ಮೂರು ನಾಲ್ಕು ವಾರ ಬರಲಿಲ್ಲ. ಆ ತಿಂಗಳು ನನ್ನ ಗುರುತಿನ ಪುಸ್ತಕ ಕಾಣೆಯಾಗಿತ್ತು, ಆಮೇಲೆ ಬೀರುವಿನ ಹಿಂದೆ ಸಿಕ್ಕಿತು. ಆಗೆಲ್ಲ ಇಬ್ಬರದೂ ದುಂಡು ಮುಖ, ಒಂದೇ ತರದ ಗುಂಗುರು ಮಾಡಿಸಿದ ಕೂದಲು. ಫೋಟೋದಲ್ಲಿ ಯಾರಾದರೇನು.

ಲುದ್ವಿಕಾ ಪೀಠದ ಪಕ್ಕದ ಬೆಂಚಿನಲ್ಲಿ ಗೋಡೆಗೆ ಮುಖ ಮಾಡಿ ಕೂತಿದ್ದಳು. ಪಕ್ಕದಲ್ಲಿ ಕೂತೆ.

"ನನ್ನ ಹೆಸರಲ್ಲಿ ಹೋಗಿದ್ದೆಯಲ್ಲ?"

ಅವಳು ಸ್ಕಾರ್ಫನ್ನು ಹಣೆಯ ಮೇಲೆ ಇನ್ನಷ್ಟು ಎಳೆದುಕೊಂಡಳು.

"ಅವರು ತಾರ್ನೂವಿಗೆ ಬಂದಿದ್ರಂತೆ. ನಮ್ಮ ಗೇಟಿನ ತನಕ."

ಆಗ ತಿರುಗಿದಳು. "ಯಾವಾಗ ಬಂದಿದ್ದ?"

ಬಂದಿದ್ರು ಅನ್ನಲಿಲ್ಲ, ಬಂದಿದ್ದ ಅಂದಳು. ಯೂಲೆಕ್, ಮಗು, ಬಟ್ಟೆ, ಎಲ್ಲಾ ಹೇಳಿದೆ. ಅವಳು ಕೇಳುತ್ತ ಸ್ಕಾರ್ಫಿನ ತುದಿಯನ್ನು ಬೆರಳಿಗೆ ಸುತ್ತುತ್ತಿದ್ದಳು.

"ಬರಲ್ಲ ಅಂತ್ಲೇ ತಿಳ್ಕೊಂಡಿದ್ದೆ," ಅಂದಳು. "ನಾನೇ ಬರೀಬೇಡ ಅಂದಿದ್ದೆ. ಬರೆದ್ರೆ ನಿನ್ನ ಹೆಸರಿಗೆ ಬರೀತಿದ್ದ. ನಿಜ ಹೇಳೋಣ ಅಂತ ದಿನಾ ಅಂದ್ಕೊಳ್ತಿದ್ದೆ ಪೋಲಾ. ಸುಳ್ಳು ಹೆಸರಿನವಳು ಅಂತ ಗೊತ್ತಾದ್ರೆ ಅಲ್ಲಿಂದ ಓಡಿಸ್ತಾರೆ ಅನ್ನೋ ಹೆದರಿಕೆ. ಆಮೇಲೆ ಕೊನೇ ದಿನ ಬಂದುಬಿಡ್ತು."

"ಈಗ ಹೋಗಿ ಹೇಳು."

"ಅವನಿಗೆ ನೀನೇ ಸಾಕು. ಇಷ್ಟು ವರ್ಷ ನೆನಪಿಟ್ಕೊಂಡಿರೋದು ನಿನ್ನ ಹೆಸರನ್ನ ತಾನೇ."

ಎಳೆದರೂ ಏಳಲಿಲ್ಲ. ಕೊನೆಗೆ ಗಣಿಯೊಳಗಿನ ಊಟದ ಕೋಣೆಯಲ್ಲಿ ನಾನೇ ಜೆನೋನ್ ಎದುರು ಕೂತೆ. ಅವರು ಹುಳಿಸಾರಿನ ಬಟ್ಟಲಿನಲ್ಲಿ ಬ್ರೆಡ್ಡು ಅದ್ದುತ್ತಿದ್ದರು. ಹೇಳಿದ್ದನ್ನು ಅವರಿಗೆ ಎರಡು ಸಲ ಹೇಳಬೇಕಾಯಿತು.

"ತಡೀರಿ," ಅಂದರು. ಮೊದಲ ಸಲ ಬಹುವಚನ. "ನೀವು ಪೋಲಾ."

"ಹೌದು."

"ಆದ್ರೆ ಅವಳು ನೀವಲ್ಲ."

"ಅಲ್ಲ."

"ಹಾಗಾದ್ರೆ ಬಟ್ಟೆ ಒಣಹಾಕ್ತಿದ್ದೋನು ಅವಳ ಗಂಡ ಅಲ್ವಾ?"

"ಅವಳ ಅಣ್ಣ. ಅವಳಿಗೆ ಗಂಡನೇ ಇಲ್ಲ. ಯಾವತ್ತೂ ಇರಲಿಲ್ಲ."

ಬ್ರೆಡ್ಡಿನ ತುಂಡನ್ನು ಬಟ್ಟಲಿನಲ್ಲೇ ಬಿಟ್ಟರು. ಆಮೇಲೆ ಎದ್ದು, ಮೂಲೆಯ ಮೇಜಿನಲ್ಲಿ ಒಬ್ಬಳೇ ಕೂತಿದ್ದ ಲುದ್ವಿಕಾಳ ಮುಂದೆ ನಿಂತರು. ನನಗೆ ಕೇಳಿಸಿದ್ದು ಮೊದಲ ಮಾತು ಮಾತ್ರ. "ಕ್ಷಮಿಸಿ," ಅಂದರು, "ನಿಜ ಹೇಳ್ತೀನಿ, ಗುರುತು ಸಿಗ್ತಿಲ್ಲ."

"ನಂಗೂ ಮೀಸೆ ಮಾತ್ರ ಸಿಕ್ತು," ಅಂದಳು ಲುದ್ವಿಕಾ.

ಅವರು ಕುರ್ಚಿ ಎಳೆದು ಕೂತರು. ಆಚೆ ಗೈಡು ಲಿಫ್ಟಿನ ಸಾಲಿಗೆ ಕರೆಯುವವರೆಗೂ ಏಳಲಿಲ್ಲ. ನಾನು ದೂರದಿಂದ ನೋಡುತ್ತ, ಯಾರ ಮೇಲೆ ಸಿಟ್ಟು ಮಾಡಬೇಕು ಅಂತ ಯೋಚಿಸಿದೆ. ನನ್ನ ಹೆಸರು ಹೊತ್ತುಕೊಂಡು ಹೋದವಳ ಮೇಲೋ, ಗೇಟು ತಟ್ಟದೆ ತಿರುಗಿ ಹೋದವರ ಮೇಲೋ, ಆವತ್ತು ಬಟ್ಟೆ ಒಣಹಾಕಲು ಯೂಲೆಕ್‌ನನ್ನು ಕಳಿಸಿದ ನನ್ನ ಮೇಲೋ.

ಸಿಟ್ಟು ಬಂದದ್ದು ಬಸ್ಸಿನಲ್ಲಿ. ಆಗ ದಾರಿಯ ನಡುವಿನ ಬೋಖ್ನ್ಯಾ ಊರು ದಾಟಿದ್ದೆವು.

"ಹೆಸರು ಹೋಗಲಿ," ಅಂದೆ. "ನನಗೆ ಮರೆವು ಅಂದೆಯಲ್ಲ. ಫ್ರಿಜ್ಜು, ಕೀಲಿ ಅಂದೆಯಲ್ಲ. ನನ್ನ ಅಮ್ಮ ಹೇಗೆ ಹೋದಳು ಅಂತ ನೋಡಿದವಳು ನೀನು."

"ಹೆದರಿಕೆ ಆಯ್ತು ಕಣೇ."

"ನನಗೆ ಆಗಲಿಲ್ವಾ?"

ಲುದ್ವಿಕಾ ಕಿಟಕಿಯ ಕಡೆ ತಿರುಗಿ ಅತ್ತಳು. ನಾನು ಕರವಸ್ತ್ರ ಕೊಡಲಿಲ್ಲ. ತಾರ್ನೂವ್ ಬಂದಾಗ ಅವಳ ಚೀಲ ಮಾತ್ರ ನಾನೇ ಇಳಿಸಿದೆ, ಅವಳ ಸೊಂಟಕ್ಕೆ ಆಗುವುದಿಲ್ಲ.

ಹತ್ತು ದಿನ ಅವಳ ಜೊತೆ ಉಪ್ಪು ಸಾರು ಬಿಟ್ಟು ಬೇರೆ ಮಾತಾಡಲಿಲ್ಲ. ಆಮೇಲೆ ಟೀವಿ ಜಗಳ ತಾನಾಗಿ ಶುರುವಾಯಿತು.

ಜೆನೋನ್ ಆ ವರ್ಷ ಪ್ಲಮ್ ಹಣ್ಣಿನ ಕಾಲದಲ್ಲಿ ಮೊದಲ ಸಲ ಮನೆಗೆ ಬಂದರು. ಹೆಂಡತಿ ತೀರಿಕೊಂಡು ಬಹಳ ಕಾಲವಾಗಿತ್ತಂತೆ. ಈಗ ತಿಂಗಳಿಗೊಮ್ಮೆ ರೈಲಿನಲ್ಲಿ ಬರುತ್ತಾರೆ, ಕೇಕು ತರುತ್ತಾರೆ. ಅವರೂ ಲುದ್ವಿಕಾಳೂ ಇಸ್ಪೀಟು ಆಡುತ್ತಾರೆ, ಇಬ್ಬರೂ ಮೋಸ ಮಾಡುತ್ತಾರೆ. ಮದುವೆಯ ಮಾತು ಎತ್ತಿಲ್ಲ. ಒಮ್ಮೊಮ್ಮೆ ಬಾಯಿತಪ್ಪಿ ಲುದ್ವಿಕಾಳನ್ನು ಪೋಲಾ ಅಂದಾಗ ಅವಳು ಎಲೆ ಎಸೆದು ಎದ್ದುಹೋಗುತ್ತಾಳೆ, ಚಹಾ ಆರುವ ಮೊದಲು ವಾಪಸ್ ಬರುತ್ತಾಳೆ.

ಹೋದ ಭಾನುವಾರ ಪೂಜೆ ಮುಗಿದ ಮೇಲೆ ಚಿಕ್ಕ ಪಾದ್ರಿ ನನ್ನನ್ನು ಬಾಗಿಲಲ್ಲಿ ನಿಲ್ಲಿಸಿಕೊಂಡರು. ಹಿಂದೆ ನಮ್ಮ ಬಸ್ಸಿನ ಹೆಂಗಸರೆಲ್ಲ ಕಿವಿ ನೆಟ್ಟಗೆ ಮಾಡಿ ನಿಂತಿದ್ದರು.

"ಪೋಲಾ ಅವರೇ, ತಪ್ಪು ತಿಳೀಬೇಡಿ. ಗಣಿಯಲ್ಲಿ ನಿಮ್ಮ ಜೊತೆ ಕಣ್ಣೀರು ಹಾಕ್ಕೊಂಡು ಓಡಾಡ್ತಿದ್ರಲ್ಲ ಆ ರೈಲ್ವೆಯವರು..."

"ಕಣ್ಣೀರು ಹಾಕಿದ್ದು ನಾನು, ಫಾದರ್."

"ಸರಿ, ನೀವು. ಅವರು ನಿಮ್ಮನೆಗೆ ಬರ್ತಾರಂತೆ, ರಾತ್ರಿ ಉಳೀತಾರಂತೆ. ಒಳ್ಳೇದೇ. ಯೂಲೆಕ್ ಹೋಗಿ ವರ್ಷಗಳಾಯ್ತು. ಆದ್ರೆ ಸಭೆಯವರು ಕೇಳ್ತಾರೆ, ನಾನು ಏನಂತ ಹೇಳಲಿ?"

ಅವರು ಬರುವುದು ಲುದ್ವಿಕಾಳಿಗಾಗಿ ಅಂತ ನಾನು ಹೇಳಬೇಕಿತ್ತು. ಹಾಗಂದರೆ, ಗಣಿಯಲ್ಲಿ ನನ್ನ ಹಿಂದೆ ಯಾಕೆ ಬಂದರು ಅಂತ ಕೇಳುತ್ತಾರೆ. ಅದು ಹೇಳಿದರೆ ಕುದೋವಾ, ಕುದೋವಾ ಹೇಳಿದರೆ ಗುರುತಿನ ಪುಸ್ತಕ. ಲುದ್ವಿಕಾ ಪಕ್ಕದಲ್ಲೇ ನಿಂತು ಪವಿತ್ರ ನೀರಿನ ತೊಟ್ಟಿಯಲ್ಲಿ ಬೆರಳದ್ದಿ, ಬಹಳ ಭಕ್ತಿಯಿಂದ ಶಿಲುಬೆಯ ಗುರುತು ಮಾಡಿಕೊಳ್ಳುತ್ತಿದ್ದಳು.

"ಏನು ಬೇಕಾದ್ರೂ ಹೇಳಿ, ಫಾದರ್," ಅಂದೆ. "ನನಗೂ ಸರಿಯಾಗಿ ಗೊತ್ತಾಗ್ತಿಲ್ಲ."